ಓಗುರಿ ಸೆನ್ಸೇ ಹೇಳಿದ್ದು

ಕಾರಿನಲ್ಲಿ ಒಬ್ಬಳೇ ಕೂತು ಜಪಾನೀಸ್ ಮಾತಾಡಿಕೊಂಡು ಹೋಗುತ್ತಿದ್ದ ಭಾನುವಿಗೆ ನೆನಪಾದ ಪದಗಳೆಲ್ಲ ಬ್ರೇಕ್ ಪ್ಯಾಡಿನವೇ. ಸವೆತ, ಬಿರುಕು, ವಾಪಸು ಬಂದ ಮಾಲು, ತಡವಾಗಿದ್ದಕ್ಕೆ ಕ್ಷಮೆ. ಕ್ಷಮೆಯ ಮಟ್ಟಿಗೆ ಅವಳ ಜಪಾನೀಸ್ ಬಹಳ ಶ್ರೀಮಂತವಾಗಿತ್ತು. ಸಣ್ಣ ತಪ್ಪಿಗೊಂದು, ದೊಡ್ಡ ತಪ್ಪಿಗೊಂದು, ಬಾಸ್ ಎದುರಿಗಿದ್ದಾಗ ಒಂದು, ಬಾಸಿನ ಬಾಸ್ ಬಂದಾಗ ಬೆನ್ನು ಬಗ್ಗಿಸಿ ಹೇಳುವುದೇ ಇನ್ನೊಂದು. ಡೆಟ್ರಾಯಿಟ್ ಹತ್ತಿರದ ನೋವೈ ಊರಿನ ಬ್ರೇಕ್ ಕಂಪನಿಯಲ್ಲಿ, ಉದ್ದನೆಯ ಮೇಜಿನ ಆ ಕಡೆ ಜಪಾನಿನವರು, ಈ ಕಡೆ ಅಮೆರಿಕದವರು ಕೂತಾಗ ನಡುವೆ ಕೂತು ಇವರದ್ದನ್ನು ಅವರಿಗೆ, ಅವರದ್ದನ್ನು ಇವರಿಗೆ ದಾಟಿಸುವುದೇ ಅವಳ ಕೆಲಸ. ಇತ್ತೀಚೆಗೆ ಅವಳಿಗೊಂದು ಅಭ್ಯಾಸವಾಗಿತ್ತು. ಒರಟಾಗಿ ಬಂದ ಮಾತನ್ನು ನಯಮಾಡಿ ದಾಟಿಸುವುದು. ಇದರಿಂದ ಮೀಟಿಂಗುಗಳು ಬೇಗ ಮುಗಿಯುತ್ತಿದ್ದವು, ಎರಡೂ ಕಡೆಯವರು ಅವಳನ್ನು ಹೊಗಳುತ್ತಿದ್ದರು. ರಸ್ತೆಯ ಎರಡೂ ಬದಿಗೆ ಹಿಮ ಬೂದಿಯ ಬಣ್ಣಕ್ಕೆ ತಿರುಗಿತ್ತು. ಇವತ್ತು ಮಾತಾಡುವವರು ಕಾದಂಬರಿಕಾರ್ತಿ ಓಗುರಿ ತಾಮಾಯೊ. ಅವರ ಮಾತಿಗೆ ತಾನು ಬಾಯಾಗಬೇಕು ಎಂದುಕೊಂಡಾಗ ಸ್ಟೀರಿಂಗಿನ ಮೇಲಿದ್ದ ಬೆರಳುಗಳು ತಣ್ಣಗಾದವು. ಹೀಟರ್ ಹೆಚ್ಚು ಮಾಡಿದಳು. ಪ್ರಯೋಜನವಾಗಲಿಲ್ಲ.

ಬೆಳಿಗ್ಗೆ ಕೇಶವ್ ಫೋನ್ ಮಾಡಿದಾಗ ಅವಳು ದೋಸೆ ಹುಯ್ಯುತ್ತಿದ್ದಳು. ಕೇಶವ್ ಧಾರವಾಡದ ಕಡೆಯವನು, ಪಕ್ಕದ ಊರಾದ ಆನ್ ಆರ್ಬರಿನ ಲೈಬ್ರರಿಯಲ್ಲಿ ಕೆಲಸ. “ಮೇಡಂ, ಒಂದ್ ಉಪಕಾರ ಆಗಬೇಕ್ರಿ. ಶಿಕಾಗೋದಿಂದ ಬರೋ ಇಂಟರ್‌ಪ್ರಿಟರ್ ಹಿಮದಾಗ ಸಿಕ್ಕೊಂಡಾರ. ಮಧ್ಯಾಹ್ನ ಪ್ರೋಗ್ರಾಮ್ ಐತಿ. ನೀವ ಬರಬೇಕ್ರಿ.” “ಅಯ್ಯೋ ಕೇಶವ್, ನಂದು ಫ್ಯಾಕ್ಟರಿ ಜಪಾನೀಸ್. ಕತೆಗಿತೆ ಎಲ್ಲಾ ನಂಗೆ ಬರಲ್ಲ.” “ಯಾವ್ದರ ಇರ್ಲಿ, ಬರ್ರಿ. ಮುದುಕಮ್ಮ ಒಬ್ರು, ಹಳೇ ಕಾಲದ ಕಾದಂಬರಿ ಬರೀತಾರಂತ. ಮಗಳ ಮನಿಗೆ ನಿಮ್ಮ ನೋವೈಗೇ ಬಂದಾರ. ಓಗುರಿ ತಾಮಾಯೊ ಅಂತ ಹೆಸ್ರು.” ಭಾನು ಸ್ಟವ್ ಆರಿಸಿದಳು. ಕಾವಲಿಯ ಮೇಲೆ ಅರ್ಧ ಬೆಂದ ದೋಸೆ ಹಾಗೇ ಉಳಿಯಿತು. ಗಂಡ ಶ್ರೀಧರ್, “ಯಾರದು? ಏನಾಯ್ತು?” ಎನ್ನುವಷ್ಟರಲ್ಲಿ ಅವಳು ಡಿಕ್ಷನರಿ ಹುಡುಕಲು ಹೊರಟಿದ್ದಳು. ತಾನು ದಿನಾ ಹಾಲು ತರುವ ಅಂಗಡಿಗೆ ಆ ಹೆಂಗಸೂ ಬಂದಿರಬಹುದು, ಸಾಲಿನಲ್ಲಿ ತನ್ನ ಹಿಂದೆಯೇ ನಿಂತಿರಬಹುದು ಎಂಬುದು ನಂಬುವ ಮಾತೇ ಆಗಿರಲಿಲ್ಲ.

ಬೆಂಗಳೂರಿನಲ್ಲಿ, ಮದುವೆಗೂ ಮುಂಚೆ, ಜಯನಗರದ ಒಂದು ಮಹಡಿ ಕೋಣೆಯಲ್ಲಿ ಸಂಜೆ ಜಪಾನೀಸ್ ಕಲಿಯುತ್ತಿದ್ದ ದಿನಗಳಲ್ಲಿ ಅವಳ ಕೈಗೆ ಓಗುರಿಯವರ ಕಾದಂಬರಿಯೊಂದು ಸಿಕ್ಕಿತ್ತು. ಜಪಾನಿನಿಂದ ಕಲಿಸಲು ಬಂದಿದ್ದ ಟೀಚರ್ ಊರಿಗೆ ಹೋಗುವಾಗ ಬಿಟ್ಟುಹೋಗಿದ್ದು. ಡಿಕ್ಷನರಿ ತೊಡೆಯ ಮೇಲಿಟ್ಟುಕೊಂಡು, ದಿನಕ್ಕೆ ಒಂದು ಪುಟವೂ ಸಾಗದೆ, ಒಂದು ವರ್ಷ ಅದನ್ನೇ ಓದಿದಳು. ಜಪಾನಿನ ಐತಿಹಾಸಿಕ ಕಾದಂಬರಿ ಅಂದರೆ ಕತ್ತಿ, ಕೋಟೆ, ಕುದುರೆ ಇರುತ್ತದೆ ಎಂದುಕೊಂಡಿದ್ದವಳಿಗೆ ಅಲ್ಲಿ ಸಿಕ್ಕಿದ್ದು ಸಮುದ್ರದ ದಂಡೆಯಿಂದ ಬೆಟ್ಟದ ಊರುಗಳಿಗೆ ಉಪ್ಪು ಹೊರುವ ಹೆಂಗಸರು. ಬರಗಾಲದ ವರ್ಷ. ಇನೆ ಎಂಬ ವಿಧವೆ ಅತ್ತೆಯ ಜೊತೆ ಉಪ್ಪು ಹೊತ್ತು ಬೆಟ್ಟ ಹತ್ತುತ್ತಾಳೆ. ಕಣಿವೆಯ ತುದಿಯ ಒಂದು ಗುಡಿಸಲಿನ ಮುಂದೆ ಅತ್ತೆ ಕೂತುಬಿಡುತ್ತಾಳೆ. ನನ್ನ ಕೈಲಾಗಲ್ಲ, ನೀನು ನಡಿ ಅನ್ನುತ್ತಾಳೆ. ಇನೆ ನಡೆಯುತ್ತಾಳೆ. ಹಿಂದಿನಿಂದ ಅತ್ತೆ ಹೆಸರು ಹಿಡಿದು ಒಮ್ಮೆ ಕೂಗುತ್ತಾಳೆ. ಇನೆ ಹಿಂತಿರುಗಿ ನೋಡಲಿಲ್ಲ. ಅಧ್ಯಾಯ ಅಲ್ಲಿಗೇ ಮುಗಿಯುತ್ತದೆ. ಆ ವಾಕ್ಯ ಅರ್ಥವಾದ ಸಂಜೆ ಭಾನು ಬಸ್ಸು ಹತ್ತದೆ ಮನೆಯವರೆಗೂ ನಡೆದುಕೊಂಡೇ ಹೋಗಿದ್ದಳು.

ಆಮೇಲೆ ಓಗುರಿಯವರ ಬಗ್ಗೆ ಸಿಕ್ಕಿದ್ದನ್ನೆಲ್ಲ ಓದಿದಳು. ಉತ್ತರದ ಮೀನುಗಾರರ ಊರು, ದೋಣಿ ಮಾಡುವ ಬಡಗಿಯ ಮಗಳು. ಅಂಚೆ ಕಚೇರಿಯಲ್ಲಿ ಕಾಗದ ವಿಂಗಡಿಸುವ ಕೆಲಸ. ನಲವತ್ತು ದಾಟುವವರೆಗೆ ಅವರದ್ದು ಒಂದು ಸಾಲೂ ಅಚ್ಚಾಗಿರಲಿಲ್ಲ. ಕತ್ತಿಯಿಲ್ಲದ ಇತಿಹಾಸ ಯಾರಿಗೆ ಬೇಕು ಎಂದು ಪ್ರಕಾಶಕರು ಹಿಂದಕ್ಕೆ ಕಳಿಸಿದ್ದರಂತೆ. ಅವರು ಮತ್ತೆ ಬರೆದರು. ಬಾವಿ ತೋಡುವವರ ಮೇಲೆ, ದೋಣಿ ದಾಟಿಸುವವರ ಮೇಲೆ, ಸಾಹುಕಾರರ ಮಕ್ಕಳಿಗೆ ಹಾಲೂಡುತ್ತಿದ್ದ ದಾದಿಯರ ಮೇಲೆ. ಯಾವ ದಾರಿಯ ಬಗ್ಗೆ ಬರೆಯಬೇಕೋ ಆ ದಾರಿಯನ್ನು ಮೊದಲು ತಾವು ನಡೆಯುತ್ತಿದ್ದರು, ಆ ಕಾಲದವರು ನಡೆದ ಋತುವಿನಲ್ಲೇ, ಅವರು ತೊಟ್ಟಿದ್ದಂಥ ಹುಲ್ಲಿನ ಚಪ್ಪಲಿ ತೊಟ್ಟು. ದೊಡ್ಡದೊಂದು ಪ್ರಶಸ್ತಿ ಬಂದಾಗ ಸಮಾರಂಭಕ್ಕೆ ಹೋಗಲಿಲ್ಲ. ಕಣಿವೆಯಲ್ಲಿ ನನಗೆ ಬೇಕಾದಷ್ಟೇ ಹಿಮ ಬಿದ್ದಿದೆ, ಇನ್ನು ಯಾವಾಗ ಹೀಗೆ ಬೀಳುತ್ತದೋ ಎಂದು ಹೇಳಿ ಕಳಿಸಿದರಂತೆ. ಆ ನಡಿಗೆಯಲ್ಲಿ ಅವರ ಎಡಗಾಲಿನ ಎರಡು ಬೆರಳು ಹೋದವು. ಅದನ್ನು ಓದಿದಾಗ ಭಾನುವಿಗೆ ಭಯಕ್ಕೆ ಹತ್ತಿರವಾದ ಏನೋ ಆಗಿತ್ತು. ಸತ್ತು ಇನ್ನೂರು ವರ್ಷವಾದ, ಹೆಸರೂ ಉಳಿಯದ ಒಬ್ಬಳು ಉಪ್ಪು ಹೊರುವವಳ ಪಾದ ಎಲ್ಲಿ ಮರಗಟ್ಟಿತು ಎಂದು ತಿಳಿಯಲು ತನ್ನ ಪಾದ ಕೊಡುವವರೂ ಇರುತ್ತಾರೆಯೇ?

ಲೈಬ್ರರಿಯ ಸಭಾಂಗಣದಲ್ಲಿ ಓಗುರಿ ತಾಮಾಯೊ ಕುರ್ಚಿಯ ಮುಂತುದಿಯಲ್ಲಿ, ಬಸ್ಸಿಗೆ ಕಾಯುವವರ ಹಾಗೆ ಕೂತಿದ್ದರು. ಎಂಬತ್ತು ದಾಟಿದ ಸಣ್ಣ ದೇಹ. ಕತ್ತರಿಸಿದ ಬಿಳಿ ಕೂದಲು. ಕಾಲಿಗೆ ಮಗಳ ಮನೆಯ ಯಾರದ್ದೋ ದೊಡ್ಡ ಸ್ನೋ ಬೂಟು. ಭಾನು ಬಗ್ಗಿ ನಮಸ್ಕರಿಸಿ, ಗುರುಗಳನ್ನು ಕರೆಯುವ ಹಾಗೆ ‘ಓಗುರಿ ಸೆನ್ಸೇ’ ಎಂದು ಕರೆದು, ತನ್ನ ಭಾಷೆ ಸಾಲದು ಎಂದು ಅತ್ಯಂತ ದೊಡ್ಡ ದರ್ಜೆಯ ಕ್ಷಮೆ ಕೇಳಿದಳು. ಓಗುರಿಯವರು ಅವಳ ಮುಖ ನೋಡಿ, “ಬ್ರೇಕ್ ಮಾಡುವ ಕಂಪನಿಯಲ್ಲಿ ಕೆಲಸವೇ?” ಎಂದರು. ಭಾನುವಿಗೆ ನಾಚಿಕೆಯಾಯಿತು. ಕೇಶವ್ ಹೇಳಿರಬೇಕು. ಅಥವಾ ತನ್ನ ಕ್ಷಮೆಯ ಧಾಟಿಯಿಂದಲೇ ತಿಳಿದುಹೋಯಿತೇ? ಮೂರನೇ ಸಾಲಿನಲ್ಲಿ ಭಾನುವಿನ ಮಗಳು ಅನಿಕಾ ಕೂತಿದ್ದಳು. ಇಲ್ಲೇ ಯೂನಿವರ್ಸಿಟಿಯಲ್ಲಿ ಓದುವವಳು, ಅಮ್ಮನ ಕೆಲಸವನ್ನು ಹಿಂದೆಂದೂ ನೋಡದವಳು. ಮುಂದಿನ ಸಾಲಿನಲ್ಲಿ ಮುತ್ತಿನ ಸರ ಹಾಕಿದ ಇಬ್ಬರು ಜಪಾನಿ ಹೆಂಗಸರು ಮೊಣಕಾಲು ಜೋಡಿಸಿ ಕೂತಿದ್ದರು. ಅವರಿಬ್ಬರ ಕಿವಿ ತನ್ನ ಮೇಲೆಯೇ ಇರುತ್ತದೆ ಎಂದು ಭಾನುವಿಗೆ ಗೊತ್ತಿತ್ತು.

ಮೊದಲರ್ಧ ಸರಾಗವಾಗಿ ಹೋಯಿತು. ಓಗುರಿಯವರ ವಾಕ್ಯಗಳು ಚಿಕ್ಕವು. ನಾನು ಅಂಚೆ ಕಚೇರಿಯಲ್ಲಿದ್ದೆ. ಬೆಳಿಗ್ಗೆ ಬರೆಯುತ್ತಿದ್ದೆ. ಗೊತ್ತಿಲ್ಲದ ಕಡೆ ನಿಲ್ಲಿಸುತ್ತಿದ್ದೆ. ಇನ್ನು ಬರೆಯುವುದಿಲ್ಲ. ಪ್ರತಿ ವಾಕ್ಯವನ್ನೂ ದಾಟಿಸುವಾಗ ಭಾನುವಿಗೆ ತನ್ನ ಗಂಟಲೇ ಬದಲಾದಂತೆ, ತಾನೇ ಆ ಹಿಮದ ಊರಿನಲ್ಲಿ ಹುಟ್ಟಿದವಳಂತೆ ಅನಿಸತೊಡಗಿತು. ಜನ ತನ್ನ ಮುಖ ನೋಡುತ್ತಿದ್ದರು. ಅನಿಕಾ ಫೋನ್ ಕೆಳಗಿಟ್ಟಿದ್ದಳು. ಆಗ ಹಿಂದಿನಿಂದ ನೀಲಿ ಸ್ವೆಟರಿನ, ಬೆಳ್ಳಿ ಕೂದಲಿನ ಅಮೆರಿಕನ್ ಹೆಂಗಸೊಬ್ಬರು ಎದ್ದು, ತಾನು ಬಹುಕಾಲ ನರ್ಸ್ ಆಗಿದ್ದವಳು ಎಂದು ಹೇಳಿಕೊಂಡು ಕೇಳಿದರು: “ಇನೆ ಯಾಕೆ ಹಿಂತಿರುಗಿ ನೋಡಲಿಲ್ಲ?” ಓಗುರಿಯವರು ಎರಡೇ ವಾಕ್ಯದಲ್ಲಿ ಉತ್ತರಿಸಿದರು. ಅದರಲ್ಲಿ ಕುತ್ತಿಗೆ ಇತ್ತು, ಹಣೆ ಇತ್ತು, ಆಗುವುದಿಲ್ಲ ಎಂಬುದಿತ್ತು. ನಡುವಿನ ಪದ, ಯಾವುದೋ ಊರಿನ ಹಳೆಯ ಪದ, ಭಾನು ಎಂದೂ ಕೇಳಿರಲಿಲ್ಲ. ಇನ್ನೊಮ್ಮೆ ಹೇಳಿ ಎಂದು ಕೇಳಬಹುದಿತ್ತು. ಮುತ್ತಿನ ಸರದವರು ನೋಡುತ್ತಿದ್ದರು. ಮಗಳು ನೋಡುತ್ತಿದ್ದಳು. ಅಷ್ಟರಲ್ಲಿ ಭಾನುವಿನ ಬಾಯಿ ಇಂಗ್ಲಿಷಿನಲ್ಲಿ ತಾನಾಗಿಯೇ ಹೇಳುತ್ತಿತ್ತು: “ತಿರುಗಿ ನೋಡಿದರೆ ಹಿಂದೆ ಉಳಿದವಳಿಗೆ ಆಸೆ ಹುಟ್ಟುತ್ತದೆ. ಆ ಆಸೆಯನ್ನು ಕೊಡದೇ ಇರುವುದೇ ಅವಳಿಂದ ಸಾಧ್ಯವಿದ್ದ ಕೊನೆಯ ಕರುಣೆ.” ಸಭೆಯೆಲ್ಲ ಒಟ್ಟಿಗೆ ಉಸಿರುಬಿಟ್ಟ ಸದ್ದಾಯಿತು. ಯಾರೋ ಕನ್ನಡಕ ತೆಗೆದು ಕಣ್ಣೊರೆಸಿಕೊಂಡರು. ಮುತ್ತಿನ ಸರದ ಇಬ್ಬರೂ ಒಬ್ಬರನ್ನೊಬ್ಬರು ನೋಡಿ, ಮತ್ತೆ ಎದುರಿಗೆ ನೋಡಿದರು.

ಆ ವಾಕ್ಯ ಎಲ್ಲಿಂದ ಬಂತೆಂದು ಭಾನುವಿಗೆ ಹುಡುಕಬೇಕಿರಲಿಲ್ಲ. ಡೆಟ್ರಾಯಿಟ್ ಏರ್‌ಪೋರ್ಟಿನಲ್ಲಿ, ಗಾಲಿಕುರ್ಚಿ ತಳ್ಳುವವನು ಅಮ್ಮನನ್ನು ಸೆಕ್ಯುರಿಟಿಯ ಆಚೆಗೆ ಕರೆದೊಯ್ಯುವಾಗ, ಹಗ್ಗದ ಈಚೆ ನಿಂತು “ಅಮ್ಮಾ” ಎಂದು ಕೂಗಿದ್ದಳು. ಅಮ್ಮ ಅನುಸೂಯಮ್ಮ ತಿರುಗಲಿಲ್ಲ. ಅವತ್ತು ಚೆಕ್-ಇನ್ ಕೌಂಟರಿನ ಮುಂದೆ ಭಾರ ಹೆಚ್ಚಾಯಿತೆಂದು ಎಲ್ಲರೆದುರು ಸೂಟ್‌ಕೇಸ್ ಬಿಚ್ಚಿ, ಅಕ್ಕಪಕ್ಕದವರಿಗೆ ಕೊಡಲೆಂದು ಅಮ್ಮ ಕೂಡಿಟ್ಟಿದ್ದ ಶಾಂಪೂ ಬಾಟಲಿ, ಚಾಕೊಲೇಟು ಒಂದೊಂದಾಗಿ ಎತ್ತಿ ಹೊರಗಿಡುತ್ತಾ, “ಇವೆಲ್ಲಾ ಯಾಕಮ್ಮ ನಿಂಗೆ, ಅಲ್ಲಿ ಸಿಗಲ್ವಾ?” ಎಂದು ರೇಗಿದ್ದಳು. ಅಮ್ಮ ನೆಲದ ಮೇಲೆ ಹರಡಿದ್ದ ತನ್ನ ಒಳಲಂಗಗಳನ್ನು ಸೀರೆಯ ಸೆರಗಿನಿಂದ ಮುಚ್ಚಲು ನೋಡುತ್ತಿದ್ದಳು. ಊರಿಗೆ ಹೋದ ಮೇಲೆ ಮಳೆಗಾಲ ಮುಗಿಯುವುದರೊಳಗೆ ಅಮ್ಮ ತೀರಿಕೊಂಡಳು. ತಿರುಗಿ ನೋಡದೇ ಹೋದದ್ದು ಸಿಟ್ಟಿನಿಂದಲೋ ಎಂಬ ಪ್ರಶ್ನೆಯ ಜೊತೆ ಬದುಕಲಾರದೆ ಭಾನು ಆ ವಾಕ್ಯವನ್ನು ತನಗೆ ತಾನೇ ಮಾಡಿಕೊಂಡಿದ್ದಳು. ಹೇಳಿಕೊಂಡು ಹೇಳಿಕೊಂಡು ಅದು ನಿಜವೇ ಆಗಿತ್ತು. ಈಗ ಅದನ್ನು ಓಗುರಿ ತಾಮಾಯೊ ಎಂಬ ಹೆಸರಿನ ಕೆಳಗಿಟ್ಟು ನೂರಾರು ಜನಕ್ಕೆ ಹಂಚಿಬಿಟ್ಟಿದ್ದಳು.

ನೀಲಿ ಸ್ವೆಟರಿನವರು ಕೂರಲಿಲ್ಲ. “ಥ್ಯಾಂಕ್ ಯೂ. ನಾನು ಈ ಮಾತಿಗೆ ಎಷ್ಟೋ ವರ್ಷದಿಂದ ಕಾಯುತ್ತಿದ್ದೆ. ಅವರನ್ನು ಒಂದು ಕೇಳಿ. ಹಿಂದೆ ಉಳಿದವಳಿಗೆ ಅದು ಕರುಣೆ ಅಂತ ಗೊತ್ತಾಯಿತೇ? ಗೊತ್ತಾಗುತ್ತದೆಯೇ?” ಅಂದರು. ಎಲ್ಲರೂ ಭಾನುವಿನತ್ತ ನೋಡಿದರು. ಓಗುರಿಯವರೂ ಪ್ರಶ್ನೆ ಬರಲೆಂದು ತಲೆ ಓರೆ ಮಾಡಿ ಕಾಯುತ್ತಿದ್ದರು. ಹೇಳದೇ ಇದ್ದ ಮಾತಿನ ಮೇಲೆ ಬಂದ ಪ್ರಶ್ನೆಯನ್ನು ಹೇಳದವರಿಗೆ ಹೇಗೆ ದಾಟಿಸುವುದು? ಮೀಟಿಂಗಿನಲ್ಲಾದರೆ ಗೊತ್ತಿತ್ತು. ಅವರಿಗೆ ಬೇರೊಂದು ಪ್ರಶ್ನೆ, ಇವರಿಗೆ ಬೇರೊಂದು ಉತ್ತರ. ಇಬ್ಬರೂ ನಗುತ್ತಾ ಕಾಫಿಗೆ ಏಳುತ್ತಿದ್ದರು. ಅವಳ ಬಾಯಿ ಅದಕ್ಕೂ ಸಿದ್ಧವಾಗಿತ್ತು. ಆದರೆ ಪ್ರಶ್ನೆ ದಾಟಿಸಲು ಓಗುರಿಯವರತ್ತ ಬಗ್ಗಿದಾಗ ಕಂಡದ್ದು ಆ ದೊಡ್ಡ ಸ್ನೋ ಬೂಟು. ಅದರೊಳಗೆ ಎಡಗಡೆ ಎರಡು ಬೆರಳಿನಷ್ಟು ಜಾಗ ಖಾಲಿ ಇರುತ್ತದೆ ಎಂಬುದು ಹೊಳೆದು ಭಾನುವಿನ ಮಾತು ನಿಂತುಹೋಯಿತು.

“ಸೆನ್ಸೇ,” ಅಂದಳು ಜಪಾನೀಸಿನಲ್ಲಿ. ಯಾವ ದರ್ಜೆಯ ಕ್ಷಮೆಯೂ ಬಾಯಿಗೆ ಬರಲಿಲ್ಲ. “ನೀವು ಹೇಳಿದ ಒಂದು ಪದ ನನಗೆ ಗೊತ್ತಾಗಲಿಲ್ಲ. ಕೇಳಲು ನಾಚಿಕೆಯಾಯಿತು. ನೀವು ಹೇಳದೇ ಇದ್ದದ್ದನ್ನು ಹೇಳಿಬಿಟ್ಟೆ.”

“ಹೌದು,” ಅಂದರು ಓಗುರಿಯವರು. “ನಾನು ಹೇಳಿದ್ದು ಚಿಕ್ಕದು. ನೀವು ಹೇಳಿದ್ದು ಉದ್ದವಾಗಿತ್ತು. ಅಲ್ಲದೆ ನಾನು ಹೇಳಿದ್ದಕ್ಕೆ ಯಾರೂ ನಿಟ್ಟುಸಿರು ಬಿಡುವುದಿಲ್ಲ. ಏನು ಹೇಳಿದಿರಿ?”

ಭಾನು ತನ್ನ ವಾಕ್ಯವನ್ನು ಜಪಾನೀಸಿನಲ್ಲಿ ಹೇಳಿದಳು. ಬ್ರೇಕ್ ಪ್ಯಾಡಿನ ಆ ಭಾಷೆಯಲ್ಲಿ ಅದು ಬಡವಾಗಿ, ಬೆತ್ತಲಾಗಿ ಕೇಳಿಸಿತು. ಮುತ್ತಿನ ಸರದವರಲ್ಲಿ ಒಬ್ಬರು ತಲೆ ತಗ್ಗಿಸಿದರು. ಓಗುರಿಯವರು ಕಣ್ಣು ಮುಚ್ಚಿ ಕೇಳಿಸಿಕೊಂಡರು, ಅವಸರ ಮಾಡಲಿಲ್ಲ. “ಒಳ್ಳೆಯ ಮಾತು,” ಅಂದರು. “ಆದರೆ ಇನೆಗೆ ಅಷ್ಟು ಯೋಚಿಸುವಷ್ಟು ಉಸಿರಿರಲಿಲ್ಲ. ಇದು ಯಾರೋ ಆಮೇಲೆ, ಕೂತುಕೊಂಡು ಯೋಚಿಸಿದ್ದು. ಯಾರದ್ದು?”

“ನನ್ನದು.”

“ಹಾಗಾದರೆ ಅದು ನಿಮ್ಮ ಹೆಸರಲ್ಲೇ ಇರಲಿ. ಅವರಿಗೆ ಹೇಳಿ.”

ಭಾನು ಮೈಕಿನ ಕಡೆ ತಿರುಗಿದಳು. ಆ ಹಿಂದಿನ ಉತ್ತರ ಸೆನ್ಸೇ ಕೊಟ್ಟದ್ದಲ್ಲ, ನನ್ನದು, ಒಂದು ಪದ ಅರ್ಥವಾಗದೆ ಮುಚ್ಚಿಟ್ಟೆ ಎಂದು ಇಂಗ್ಲಿಷಿನಲ್ಲಿ ಹೇಳುವಾಗ ಅನಿಕಾ ಇದ್ದ ಕಡೆ ನೋಡಲಾಗಲಿಲ್ಲ. ಬಾಗಿಲ ಹತ್ತಿರ ನಿಂತಿದ್ದ ಕೇಶವ್ ಕಾರ್ಪೆಟ್ ನೋಡುತ್ತಿದ್ದ. ನೀಲಿ ಸ್ವೆಟರಿನವರು, “ನನಗೆ ಅದೇ ಇಷ್ಟವಾಗಿತ್ತು,” ಎಂದರು. ಅದರಲ್ಲಿ ಕೋಪಕ್ಕಿಂತ ಹೆಚ್ಚಾಗಿ ಯಾರೋ ಕೈಯಿಂದ ಏನನ್ನೋ ಕಿತ್ತುಕೊಂಡ ನೋವಿತ್ತು. ಅದನ್ನೂ ಭಾನು ದಾಟಿಸಲೇಬೇಕಾಯಿತು, ದಾಟಿಸಿದಳು, ನಯಮಾಡದೆ. ಓಗುರಿಯವರು ಆ ಹೆಂಗಸಿನ ಕಡೆ ತಿರುಗಿ, ಕೂತಲ್ಲಿಂದಲೇ ತಲೆ ಬಗ್ಗಿಸಿ, “ನನಗೂ ಇಷ್ಟವಾಯಿತು,” ಅಂದರು. ಆಮೇಲೆ ಎದ್ದರು. “ಆ ಪದ ಹೇಳಿದರೆ ತಿಳಿಯುವುದಿಲ್ಲ. ಅದು ಈಗ ನಮ್ಮ ಊರಿನವರಿಗೂ ತಿಳಿಯುವುದಿಲ್ಲ. ಭಾರವಾದದ್ದು ಏನಾದರೂ ಇದೆಯೇ?”

ಕೇಶವ್ ಪುಸ್ತಕ ತುಂಬಿದ್ದ ರಟ್ಟಿನ ಪೆಟ್ಟಿಗೆಯೊಂದನ್ನು ಎತ್ತಿಕೊಂಡು ಬಂದ. ಓಗುರಿಯವರು ಭಾನುವಿನ ಉದ್ದನೆಯ ಉಣ್ಣೆಯ ಶಾಲು ಕೇಳಿ ತೆಗೆದುಕೊಂಡು, ಪೆಟ್ಟಿಗೆಯ ತಳಕ್ಕೆ ಸುತ್ತಿ ಗಂಟು ಹಾಕಿದರು. ಗೆಣ್ಣು ಬಾತ ಆ ಬೆರಳುಗಳಿಗೆ ಗಂಟು ಹಾಕುವಾಗ ವಯಸ್ಸೇ ಇರಲಿಲ್ಲ. ಭಾನುವನ್ನು ಮುಂದೆ ನಿಲ್ಲಿಸಿ, ಪೆಟ್ಟಿಗೆಯನ್ನು ಕೇಶವ್ ಕೈಯಿಂದ ಅವಳ ಬೆನ್ನಿಗಿಡಿಸಿ, ಶಾಲಿನ ಕುಣಿಕೆಯನ್ನು ತಲೆಯ ಮೇಲಿಂದ ತಂದು ಹಣೆಗೆ ಅಡ್ಡವಾಗಿ ಕೂರಿಸಿದರು. ಕೇಶವ್ ಕೈ ಬಿಟ್ಟ. ಭಾರವೆಲ್ಲ ಹಣೆಗೆ ಬಂದು ಜಗ್ಗಿತು. ಬೀಳದಿರಬೇಕಾದರೆ ಮುಂದಕ್ಕೆ ಬಾಗಲೇಬೇಕು. ಬಾಗಿದರೆ ಗದ್ದ ಎದೆಗೆ ಹತ್ತುತ್ತದೆ. ಕುತ್ತಿಗೆಯ ನರಗಳು ಹಗ್ಗದಂತೆ ಬಿಗಿದು ಕೂಗಿಕೊಳ್ಳುತ್ತವೆ. ಕಣ್ಣಿಗೆ ಕಾಣುವುದು ತನ್ನ ಎರಡು ಪಾದ, ಮುಂದಿನ ಒಂದು ಮೊಳ ಕಾರ್ಪೆಟ್ಟು. “ನಡೆಯಿರಿ,” ಅಂದರು ಓಗುರಿಯವರು. ನಡೆದಳು. “ಈಗ ಎಡಗಡೆ ಬೆಟ್ಟ. ಬಲಗಡೆ ಏನೂ ಇಲ್ಲ, ಕೆಳಗೆ ನದಿ. ದಾರಿ ನಿಮ್ಮ ಕಾಲಿನಷ್ಟೇ ಅಗಲ.” ಆಮೇಲೆ, ತೀರಾ ಹಿಂದಿನಿಂದ, ಸಭಾಂಗಣದ ಆ ತುದಿಯಿಂದ ಬಂತೇನೋ ಎನ್ನುವ ಹಾಗೆ ಒಂದು ಮುದಿ ದನಿ ಕೂಗಿತು: “ಭಾನೂ!”

ಗೌರವದ ಪದವಿಲ್ಲ, ಬರೀ ಹೆಸರು. ಭಾನುವಿನ ಮೈಯೆಲ್ಲ ತಿರುಗಲು ಎದ್ದಿತು. ಕುತ್ತಿಗೆ ತಿರುಗಲಿಲ್ಲ. ಇನ್ನೊಮ್ಮೆ ಪ್ರಯತ್ನಿಸಿದಳು, ಶಾಲು ಹಣೆಯ ಚರ್ಮವನ್ನು ಎಳೆಯಿತು, ಪೆಟ್ಟಿಗೆ ಬಲಕ್ಕೆ, ಆ ಇಲ್ಲದ ನದಿಯ ಕಡೆಗೆ ವಾಲಿತು. ಕಾಲು ತಾನಾಗಿಯೇ ಮುಂದಿನ ಹೆಜ್ಜೆ ಇಟ್ಟಿತು, ಬದುಕಲು. ಸಭೆಯಲ್ಲಿ ಯಾರೂ ಉಸಿರುಬಿಡಲಿಲ್ಲ. ಆ ಕಾರ್ಪೆಟ್ಟಿನ ಬೂದು ಎಳೆಗಳನ್ನು ನೋಡುತ್ತಾ ನಿಂತಿದ್ದಾಗಲೇ ಅವಳಿಗೆ ಅಮ್ಮನ ಕುತ್ತಿಗೆಯ ಪಟ್ಟಿ ನೆನಪಾಯಿತು. ಸ್ಪಾಂಡಿಲೈಟಿಸ್‌ಗೆಂದು ಡಾಕ್ಟರು ಕೊಟ್ಟಿದ್ದ ಬಿಳಿಯ ದಪ್ಪ ಪಟ್ಟಿ. ಅವತ್ತು ಏರ್‌ಪೋರ್ಟಿನಲ್ಲಿ, ಗಾಲಿಕುರ್ಚಿಯಲ್ಲಿ ಕೂರಿಸಿದ ಮೇಲೆ, ಅದನ್ನು ಬಿಗಿಯಾಗಿ ಕಟ್ಟಿದ್ದವಳು ತಾನೇ. ತೊಡೆಯ ಮೇಲೆ ಬ್ಯಾಗಿಟ್ಟು, “ಊರು ಸೇರೋ ತನಕ ಬಿಚ್ಚಬೇಡ, ಕುತ್ತಿಗೆ ಅಲ್ಲಾಡಿಸ್ಬೇಡ” ಎಂದಿದ್ದವಳೂ ತಾನೇ. ಪಟ್ಟಿಯನ್ನು ಮರೆತಿರಲಿಲ್ಲ. ತಿರುಗದ ತಲೆಯನ್ನೂ ಮರೆತಿರಲಿಲ್ಲ. ಎರಡನ್ನೂ ಒಂದೇ ಕಡೆ ಇಟ್ಟು ನೋಡಿರಲಿಲ್ಲ. ಅಮ್ಮನಿಗೆ ಕೂಗು ಕೇಳಿಸಿತ್ತೇ, ತಿರುಗಲು ನೋಡಿದಳೇ, ಬೇಕಿಲ್ಲವೆಂದುಕೊಂಡಳೇ? ಗೊತ್ತಿಲ್ಲ. ಗೊತ್ತಿಲ್ಲ ಎಂಬ ಆ ಜಾಗದಲ್ಲಿ ನಿಂತುಕೊಳ್ಳಬಹುದು, ಅದನ್ನು ಏನಾದರೂ ತುಂಬಿ ಮುಚ್ಚಲೇಬೇಕಾಗಿಲ್ಲ ಎಂಬುದು ಎಷ್ಟು ವಿಚಿತ್ರವಾಗಿತ್ತೆಂದರೆ, ಭಾರ ಇಳಿಸಲು ಕೇಶವ್ ಓಡಿ ಬಂದಾಗ “ಒಂದ್ ನಿಮಿಷ ಇರಿ” ಅಂದಳು.

ಶಾಲು ತೆಗೆದ ಮೇಲೆ ಹಣೆಯ ಮೇಲೆ ಕೆಂಪು ಗೆರೆ ಉಳಿದಿತ್ತು. ಅವಳು ಮೈಕಿಗೆ ಬಂದು, “ಓಗುರಿ ಸೆನ್ಸೇ ಹೇಳಿದ್ದು ಇಷ್ಟೇ: ಹಣೆಗೆ ಪಟ್ಟಿ ಇದ್ದರೆ ಕುತ್ತಿಗೆ ತಿರುಗುವುದಿಲ್ಲ. ಹೊತ್ತು ನೋಡಿದೆ, ತಿರುಗಲಾಗಲಿಲ್ಲ,” ಎಂದಳು. ಜನ ಚಪ್ಪಾಳೆ ತಟ್ಟಲಿಲ್ಲ. ನೀಲಿ ಸ್ವೆಟರಿನವರು ಒಂದು ಕೈಯನ್ನು ತಮ್ಮ ಹಣೆಯ ಮೇಲಿಟ್ಟುಕೊಂಡು, ಆಮೇಲೆ ನಿಧಾನವಾಗಿ ಕೂತರು.

ಓಗುರಿಯವರನ್ನು ನೋವೈಗೆ ಬಿಡುವ ಕೆಲಸವೂ ಭಾನುವಿಗೇ ಬಂತು. ಹೊರಗೆ ಇಪ್ಪತ್ತು ಡಿಗ್ರಿ ಫ್ಯಾರನ್‌ಹೀಟಿನ ಕೊರೆಯುವ ಚಳಿ, ಆದರೂ ಬಿಸಿಲಿತ್ತು. ಪಾರ್ಕಿಂಗ್ ಲಾಟಿನಲ್ಲಿ ಹಿಮ ಕಣ್ಣು ಕುಕ್ಕುತ್ತಿತ್ತು. ಅನಿಕಾ ಜೊತೆಗೆ ಬಂದಳು. ಏನಾದರೂ ಅನ್ನುತ್ತಾಳೆಂದು ಭಾನು ಕಾದಳು. “ಅಮ್ಮಾ, ದಟ್ ಲುಕ್ಡ್ ಹೆವಿ,” ಅಂದಳು ಮಗಳು, ಅವಳ ತೋಳಿಗೆ ತೋಳು ತಾಗಿಸಿ. ಅಷ್ಟು ಹೊತ್ತಿಗೆ ಓಗುರಿಯವರು ನಿಂತುಬಿಟ್ಟಿದ್ದರು. “ನಿಮ್ಮ ಕಡೆ ಹೆಂಗಸರು ಭಾರ ಹೇಗೆ ಹೊರುತ್ತಾರೆ?”

“ತಲೆಯ ಮೇಲೆ. ಬಟ್ಟೆ ಸುತ್ತಿ, ಅದರ ಮೇಲೆ. ಸಿಂಬೆ ಅನ್ನುತ್ತೇವೆ.”

“ಶಿಂಬೆ,” ಎಂದರು. ಭಾನು ತಿದ್ದಿದಳು. ಸರಿಯಾಗುವವರೆಗೂ ಮತ್ತೆ ಮತ್ತೆ ಹೇಳಿದರು, ಹೊಸ ಹಲ್ಲಿಗೆ ನಾಲಗೆ ತಾಗಿಸಿ ನೋಡುವ ಮಕ್ಕಳ ಹಾಗೆ. “ಅದು ಜಾರುವುದಿಲ್ಲವೇ? ಕುತ್ತಿಗೆಗೆ ಏನಾಗುತ್ತದೆ?”

ಭಾನುವಿನ ಬಾಯಿಗೆ ಉತ್ತರ ಬಂದಿತ್ತು. ತಡೆದಳು. “ಗೊತ್ತಿಲ್ಲ, ಸೆನ್ಸೇ. ಮೈಸೂರಿನಲ್ಲಿ ಮನೆ ಕಟ್ಟುವಲ್ಲಿ ಇಟ್ಟಿಗೆ ಹೊರುವವರನ್ನು ನೋಡಿದ್ದೇನೆ. ನಾನು ಯಾವತ್ತೂ ಹೊತ್ತಿಲ್ಲ.”

ಓಗುರಿಯವರ ಮುಖ ಬೆಳಗಿತು. “ಹಾಗಾದರೆ ನೋಡೋಣ,” ಎಂದು ಕೈ ಚಾಚಿದರು. ಭಾನು ಶಾಲನ್ನು ಹುರಿ ಮಾಡಿ ಸುತ್ತಿದಳು, ಬಿಚ್ಚಿಕೊಂಡಿತು, ಇನ್ನೊಮ್ಮೆ ಸುತ್ತಿ ತುದಿ ಸಿಕ್ಕಿಸಿದಳು. ಎಂಬತ್ತು ದಾಟಿದ ಆ ಕಾದಂಬರಿಕಾರ್ತಿ, ಇನ್ನು ಬರೆಯುವುದಿಲ್ಲವೆಂದು ಮಧ್ಯಾಹ್ನವಷ್ಟೇ ಸಭೆಯಲ್ಲಿ ಹೇಳಿದ್ದವರು, ಆ ವಕ್ರ ಸಿಂಬೆಯನ್ನು ಬಿಳಿ ತಲೆಯ ಮೇಲಿಟ್ಟುಕೊಂಡು, ಅದರ ಮೇಲೆ ತಮ್ಮ ಕಪ್ಪು ಕೈಚೀಲ ಇರಿಸಿ, ಕೈ ಬಿಟ್ಟು, ಹಿಮದ ಮೇಲೆ ಹೊರಟರು. ಅನಿಕಾ ನಗಲು ಬಾಯಿ ತೆರೆದವಳು ನಗದೆ ನಿಂತಳು. ಭಾನು ಎರಡೂ ಕೈ ಚಾಚಿಕೊಂಡು, ಮುಟ್ಟದೆ, ಪಕ್ಕದಲ್ಲಿ ನಡೆದಳು. ಓಗುರಿಯವರ ಬೆನ್ನು ನೆಟ್ಟಗಾಗಿತ್ತು. ಕಣ್ಣು ಕಾರುಗಳ ಮೇಲಿಂದ, ಬೋಳು ಮರಗಳ ಮೇಲಿಂದ ದೂರಕ್ಕೆ ನೆಟ್ಟಿತ್ತು. ನಡೆಯುತ್ತಲೇ ಏನೋ ಅಂದರು.

“ವಾಟ್ ಡಿಡ್ ಷಿ ಸೇ?” ಎಂದು ಅನಿಕಾ ಪಿಸುಗುಟ್ಟಿದಳು.

“‘ಇದರಲ್ಲಿ ಕಾಲು ಕಾಣಿಸೋದಿಲ್ಲ’ ಅಂತ.”

“ದಟ್ಸ್ ಆಲ್?”

“ಅಷ್ಟೇ ಕಣೇ,” ಅಂದಳು ಭಾನು. ಓಗುರಿ ತಾಮಾಯೊ ಬೂಟಿನ ತುದಿಯಿಂದ ಹಿಮವನ್ನು ತಡಕಿ ನೋಡಿ, ಮುಂದಿನ ಹೆಜ್ಜೆ ಇಟ್ಟರು.